ಕೂಗಿ ಕರೆಯಲು ಬರುವ ಹೆಸರು ಇಡಿ

ಪ್ರಶ್ನೆ: ನಾನು ಸುರತ್ಕಲ್ ಕಡೆಯವನು. ಮಂಗಳೂರಿನಲ್ಲಿ ಡಿಗ್ರಿ ಎರಡನೇ ವರ್ಷ ಓದುತ್ತಿದ್ದೇನೆ. ನಾವು ನಾಲ್ಕು ಜನ ಫ್ರೆಂಡ್ಸ್ ಸೇರಿ ಬಿಜಿಎಂಐ ಎಂಬ ಮೊಬೈಲ್ ಶೂಟಿಂಗ್ ಆಟ ಆಡುತ್ತೇವೆ. ಮುಂದಿನ ತಿಂಗಳು ಕಾಲೇಜು ಫೆಸ್ಟ್‌ನಲ್ಲಿ ಟೂರ್ನಮೆಂಟ್ ಉಂಟು. ಈಗ ನನ್ನ ಹೆಸರು ‘ಡಾರ್ಕ್ ಡೆವಿಲ್’, ಎರಡು ಬದಿಗೆ ರೆಕ್ಕೆಯ ಚಿಹ್ನೆ. ಅದು ಸಾಕಾಗಿದೆ. ಡಕಾಯಿತ, ಕಡಲ್ಗಳ್ಳ ಅಂಥವರ ಹೆಸರಿನ ಹಾಗೆ ಖಡಕ್ ಆದದ್ದು ಬೇಕು. ಪಟ್ಟಿ ಮಾಡಿದ್ದೇನೆ: ‘ಡೆತ್ ರೌಡಿ 2006’, ‘ಗುಳಿಗ’, ‘ವೀರಪ್ಪನ್’, ಮತ್ತೆ ನಮ್ಮೂರಿನ ಹಳೇ ಭೂಗತ ವ್ಯಕ್ತಿಯೊಬ್ಬನ ಹೆಸರು. ನನ್ನ ಆಟ ಹುಲ್ಲಿನಲ್ಲಿ ಮಲಗಿ ದೂರದಿಂದ ಹೊಡೆಯುವುದು. ತಂಡದವರು ‘ನೀನು ತೊರಕೆ ಮೀನಿನ ಹಾಗೆ, ಮೆಟ್ಟುವವರೆಗೆ ಗೊತ್ತಾಗುವುದಿಲ್ಲ’ ಎನ್ನುತ್ತಾರೆ. ಅಪ್ಪ ದಕ್ಕೆಯಿಂದ, ಅಂದರೆ ಮೀನಿನ ಬಂದರಿನಿಂದ, ಬೋಟಿಗೆ ಹೋಗುವವರು, ಹಾಗಾಗಿ ಈ ಮಾತು. ತುಳು ಹೆಸರು ಇಟ್ಟರೆ ಹೊರಗಿನವರು ನಗುತ್ತಾರಾ? ಅಮ್ಮನಿಗಂತೂ ನನ್ನ ಪಟ್ಟಿಯ ಒಂದು ಹೆಸರೂ ಇಷ್ಟವಾಗಿಲ್ಲ.

ಉತ್ತರ: ನಿಮ್ಮ ಪತ್ರದಲ್ಲೇ ಒಂದು ಒಳ್ಳೆಯ ಹೆಸರು ಇದೆ. ಆದರೆ ಅದು ನಿಮ್ಮ ಪಟ್ಟಿಯಲ್ಲಿ ಇಲ್ಲ. ಅದಕ್ಕೆ ಆಮೇಲೆ ಬರುತ್ತೇನೆ.

ನಾನು ಕರಾವಳಿಯ ಕಾಲೇಜು ಫೆಸ್ಟ್‌ಗಳಲ್ಲಿ ಮೈಕ್ ಹಿಡಿದು ಆಟದ ವಿವರಣೆ ಕೊಡುವವನು. ಆಟದವರು ನಮ್ಮನ್ನು ಕಾಸ್ಟರ್ ಅನ್ನುತ್ತಾರೆ. ಅದಕ್ಕೂ ಮೊದಲು ಉಡುಪಿಯ ಒಂದು ಸೈಬರ್ ಕೆಫೆಯಲ್ಲಿ ಕೆಲಸ ಮಾಡುತ್ತಿದ್ದೆ. ಸಂಜೆ ಹುಡುಗರು ಬಂದು ಕೌಂಟರ್ ಸ್ಟ್ರೈಕ್ 1.6 ಆಡುತ್ತಿದ್ದ ಕಾಲ ಅದು. ಹೆಚ್ಚಿನವರು ಹೆಸರನ್ನೇ ಹಾಕುತ್ತಿರಲಿಲ್ಲ. ಆಟ ತಾನಾಗಿ ಕೊಡುವ ‘ಪ್ಲೇಯರ್’ ಎಂಬ ಹೆಸರಲ್ಲೇ ಶುರು ಮಾಡುತ್ತಿದ್ದರು. ಎರಡನೆಯವನು ಬಂದರೆ ಆಟ ಅವನ ಹೆಸರಿನ ಮುಂದೆ ಬ್ರಾಕೆಟ್‌ನಲ್ಲಿ 1 ಹಾಕುತ್ತಿತ್ತು, ಮೂರನೆಯವನಿಗೆ 2. ಯಾರು ಯಾರನ್ನು ಹೊಡೆದರು ಅಂತಲೇ ತಿಳಿಯದೆ ಜಗಳ ಆಗುತ್ತಿತ್ತು. ಹೆಸರು ಯಾಕೆ ಬೇಕು ಅಂತ ನನಗೆ ಅರ್ಥವಾದದ್ದು ಅಲ್ಲಿ.

ಇನ್ನೊಂದು ಪಾಠ ಸಿಕ್ಕಿದ್ದು ಮೈಕ್ ಹಿಡಿದ ಮೇಲೆ. ಉಡುಪಿಯ ಒಂದು ಕಾಲೇಜಿನ ಹಾಲ್. ದೊಡ್ಡ ಪರದೆ, ಕೆಳಗೆ ಮುನ್ನೂರು ಮಕ್ಕಳು. ಕೊನೆಯ ಸರ್ಕಲ್, ಅಂದರೆ ಆಟದ ಜಾಗ ಕುಗ್ಗಿ ಮುಗಿಯುವ ಹಂತ. ಒಬ್ಬ ಹುಡುಗ ಒಂಟಿಯಾಗಿ ಉಳಿದಿದ್ದ, ಎದುರು ನಾಲ್ವರ ಇಡೀ ಸ್ಕ್ವಾಡ್. ಒಬ್ಬನನ್ನು ಕೆಡವಿದ, ಕಲ್ಲಿನ ಹಿಂದೆ ಸರಿದು ಇನ್ನೊಬ್ಬನನ್ನು, ಗ್ರೆನೇಡ್ ಎಸೆದು ಮೂರನೆಯವನನ್ನು. ನನ್ನ ಬಾಯಿಗೆ ಮೈಕ್ ಇತ್ತು, ಆದರೆ ಹೇಳಲು ಹೆಸರು ಇರಲಿಲ್ಲ. ಪರದೆಯ ಮೇಲೆ ಇದ್ದದ್ದು ಎರಡು ರೆಕ್ಕೆ, ಒಂದು ಶಿಲುಬೆ ಥರದ ಗುರುತು, ನಡುವೆ ಯಾವ ಭಾಷೆಯದೋ ಅಕ್ಷರಗಳು. ನಾನು ‘ಈ ಪ್ಲೇಯರ್, ಈ ಪ್ಲೇಯರ್’ ಅಂತ ಹೇಳುತ್ತಾ ಹೋದೆ. ಅಷ್ಟರಲ್ಲಿ ಹಿಂದಿನ ಸಾಲಿನಿಂದ ಅವನ ಗೆಳೆಯರು ‘ಗೋಣಿ! ಗೋಣಿ!’ ಅಂತ ಕೂಗಲು ಶುರು ಮಾಡಿದರು. ಚಿಕ್ಕಂದಿನಲ್ಲಿ ಜೋರು ಮಳೆಗೆ ತಲೆ ಮೇಲೆ ಗೋಣಿಚೀಲ ಕವುಚಿಕೊಂಡು ಶಾಲೆಗೆ ಬಂದಿದ್ದನಂತೆ. ಅಂದಿನಿಂದ ಅವನು ಗೋಣಿ. ಎರಡೇ ನಿಮಿಷದಲ್ಲಿ ಇಡೀ ಹಾಲ್ ಆ ಹೆಸರು ಹಿಡಿಯಿತು. ಅವನು ನಾಲ್ಕನೆಯವನನ್ನೂ ಹೊಡೆದಾಗ ಕುರ್ಚಿಗಳೆಲ್ಲ ಅಲುಗಾಡುವ ಹಾಗೆ ‘ಗೋಣಿ’ ಅಂತ ಕೂಗು ಎದ್ದಿತು. ಆ ರೆಕ್ಕೆಯ ಹೆಸರು ಏನಿತ್ತು ಅಂತ ಆ ಹಾಲಿನಲ್ಲಿದ್ದ ಯಾರಿಗೂ ಇವತ್ತು ನೆನಪಿರಲಾರದು.

ಹಾಗಾಗಿ ನನ್ನ ಮೊದಲ ಮಾತು ಇದು: ಆಟದ ಹೆಸರು ಓದಲು ಮಾತ್ರ ಅಲ್ಲ, ಕರೆಯಲು ಇರುವುದು. ಹೆಡ್‌ಸೆಟ್‌ನಲ್ಲಿ ನಿಮ್ಮ ಜೊತೆಗಾರನಿಗೆ ಸಿಗುವುದು ಅರ್ಧ ಸೆಕೆಂಡು. ‘ಡೆತ್ ರೌಡಿ 2006, ಎಡಗಡೆ ನೋಡು’ ಅಂತ ಯಾರೂ ಹೇಳುವುದಿಲ್ಲ. ಹೇಳಿ ಮುಗಿಸುವಷ್ಟರಲ್ಲಿ ನಿಮ್ಮ ಕಥೆ ಮುಗಿದಿರುತ್ತದೆ. ಎರಡು ಅಥವಾ ಮೂರು ಅಕ್ಷರ, ಒಂದೇ ಉಸಿರಿನಲ್ಲಿ ಬರಬೇಕು. ದೊಡ್ಡ ಆಟಗಾರರ ಹೆಸರು ನೋಡಿ. ನಮ್ಮ ದೇಶದಲ್ಲಿ ಮೊಬೈಲ್ ಆಟದಿಂದ ಮೇಲೆ ಬಂದ ನಮನ್ ಮಾಥುರ್ ‘ಮಾರ್ಟಲ್’. ತನ್ಮಯ್ ಸಿಂಗ್ ‘ಸ್ಕೌಟ್’. ಜೊನಾಥನ್ ಅಮರಾಲ್ ತನ್ನ ಸ್ವಂತ ಹೆಸರಲ್ಲೇ ಆಡುತ್ತಾನೆ. ಕೊರಿಯಾದ ಲೀ ಸಾಂಗ್ ಹ್ಯೋಕ್ ಜಗತ್ತಿಗೆಲ್ಲ ‘ಫೇಕರ್’. ಇದರಲ್ಲಿ ಯಾವುದಾದರೂ ಕೇಳಿದ ಕೂಡಲೇ ಎದೆ ನಡುಗಿಸುವ ಹೆಸರಾ? ಅಲ್ಲ ಅಲ್ವಾ. ಭಯ ಬಂದದ್ದು ಅವರ ಕೈಯಿಂದ, ಆಮೇಲೆ ಹೆಸರಿಗೆ ಅಂಟಿತು.

ನಿಮಗೆ ಡಕಾಯಿತರ ಹೆಸರೇ ಬೇಕು ಎಂದಿದ್ದೀರಿ. ಒಳ್ಳೆಯದು, ಅವರ ಹೆಸರುಗಳು ಹೇಗೆ ಹುಟ್ಟಿದವು ನೋಡುವ. ಅಮೆರಿಕದಲ್ಲಿ ಬ್ಯಾಂಕು, ರೈಲು ದೋಚುತ್ತಿದ್ದ ಬುಚ್ ಕ್ಯಾಸಿಡಿಯ ನಿಜ ಹೆಸರು ರಾಬರ್ಟ್ ಲೆರಾಯ್ ಪಾರ್ಕರ್. ಸ್ವಲ್ಪ ಕಾಲ ಕಸಾಯಿ ಅಂಗಡಿಯಲ್ಲಿ ದುಡಿದಿದ್ದ, ಇಂಗ್ಲಿಷಿನ ‘ಬುಚರ್’ನಿಂದ ‘ಬುಚ್’. ಕ್ಯಾಸಿಡಿ ಅನ್ನುವುದು ಚಿಕ್ಕಂದಿನಲ್ಲಿ ಅವನನ್ನು ಪಳಗಿಸಿದ ಒಬ್ಬನ ಹೆಸರು. ಅವನ ಜೊತೆಗಾರ ಸನ್‌ಡ್ಯಾನ್ಸ್ ಕಿಡ್, ಕುದುರೆ ಕದ್ದು ಸನ್‌ಡ್ಯಾನ್ಸ್ ಎಂಬ ಊರಿನ ಜೈಲಿನಲ್ಲಿ ಕೂತಿದ್ದವನು. ಆ ಊರೇ ಹೆಸರಾಯಿತು. 1718ರಲ್ಲಿ ಸತ್ತ ಕಡಲ್ಗಳ್ಳ ಬ್ಲ್ಯಾಕ್‌ಬಿಯರ್ಡ್‌ಗೆ ಹೆಸರು ಕೊಟ್ಟದ್ದು ಅವನ ಕಪ್ಪು ಗಡ್ಡ. ಒಂದು ಅಂಗಡಿ, ಒಂದು ಜೈಲು, ಒಂದು ಗಡ್ಡ. ಒಬ್ಬನೂ ತನ್ನನ್ನು ‘ಸಾವು’, ‘ರಕ್ತ’, ‘ಸೈತಾನ’ ಅಂತ ಕರೆದುಕೊಳ್ಳಲಿಲ್ಲ. ಅವರ ಬದುಕಿನ ಒಂದು ನಿಜವಾದ ಚೂರು ಹೆಸರಿನಲ್ಲಿ ಕೂತಿದೆ. ನೂರಾರು ವರ್ಷ ಆದರೂ ಅವು ಹಳತಾಗದೆ ಇರುವುದು ಅದಕ್ಕೇ.

ನಮ್ಮ ಊರಿಗೂ ಅಂಥ ಹೆಸರು ಗೊತ್ತು. 1837ರ ಏಪ್ರಿಲ್‌ನಲ್ಲಿ ಸುಳ್ಯ ಕಡೆಯಿಂದ ಹೊರಟ ರೈತರ ದಂಡು ಮಂಗಳೂರಿಗೆ ಬಂದು ಕಂಪನಿ ಸರಕಾರದ ಬಾವುಟ ಇಳಿಸಿತು. 13 ದಿನ ಊರು ಅವರ ಕೈಯಲ್ಲಿತ್ತು. ಅವರು ತಮ್ಮ ಬಾವುಟ ಹಾರಿಸಿದ ಜಾಗವೇ ಇವತ್ತಿನ ಬಾವುಟಗುಡ್ಡೆ. 2022ರಲ್ಲಿ ಅಲ್ಲಿ ಆ ದಂಡಿನ ಮುಂದಾಳು ಕೆದಂಬಾಡಿ ರಾಮಯ್ಯ ಗೌಡರ ಪ್ರತಿಮೆಯನ್ನೂ ನಿಲ್ಲಿಸಿದರು. ಕಂಪನಿ ಸರಕಾರದ ಲೆಕ್ಕದಲ್ಲಿ ಅವರೆಲ್ಲ ದಂಗೆಕೋರರು. ಊರಿನ ಬಾಯಲ್ಲಿ ಆ ಘಟನೆ, ದಂಡಿನ ಮುಂದೆ ಇದ್ದ ಇನ್ನೊಬ್ಬನ ಹೆಸರಲ್ಲಿ, ‘ಕಲ್ಯಾಣಪ್ಪನ ಕಾಟಕಾಯಿ’. ಕಾಟಕಾಯಿ ಅಂದರೆ ಲೂಟಿ, ದಾಳಿ. ಆ ಪದವನ್ನು ಒಮ್ಮೆ ಗಟ್ಟಿಯಾಗಿ ಹೇಳಿ ನೋಡಿ. ಎರಡು ಸಲ ‘ಕಾ’, ನಡುವೆ ಒಂದು ‘ಟ’. ಬಾಗಿಲು ಒದ್ದ ಸದ್ದು ಬರುತ್ತದೆ. ನಿಮ್ಮ ನಾಲ್ವರ ತಂಡಕ್ಕೆ ಇನ್ನೂ ಹೆಸರು ಇಲ್ಲದಿದ್ದರೆ ನಾನು ಇದನ್ನೇ ಕೊಡುತ್ತೇನೆ. ಒಬ್ಬನ ಹೆಸರಾಗಿ ಬೇಡ, ಅದು ದಂಡಿನ ಹೆಸರು. ಇಟ್ಟರೆ ಆ ಕಥೆ ಗೊತ್ತಿದ್ದು ಇಡಿ. ಯಾರಾದರೂ ಅರ್ಥ ಕೇಳಿದರೆ ಬಾವುಟಗುಡ್ಡೆ ತೋರಿಸಿ ಹೇಳಲು ಬರಬೇಕು.

ಈಗ ನಿಮ್ಮ ಪಟ್ಟಿ.

‘ಗುಳಿಗ’ ಬೇಡ. ಇದನ್ನು ನಾನು ಬಹಳ ಗಂಭೀರವಾಗಿ ಹೇಳುತ್ತಿದ್ದೇನೆ. ಆಟದಲ್ಲಿ ನಿಮ್ಮ ಹೆಸರು ಎಲ್ಲೆಲ್ಲಿ ಬೀಳುತ್ತದೆ ಅಂತ ಯೋಚಿಸಿ. ನೀವು ಸತ್ತಾಗಲೆಲ್ಲ ಪರದೆಯ ಮೂಲೆಯಲ್ಲಿ ಇಂಥವನು ಇಂಥವನನ್ನು ಹೊಡೆದ ಅಂತ ಒಂದು ಸಾಲು ಬರುತ್ತದೆ. ಸೋತ ತಂಡದವನು ಚಾಟ್‌ನಲ್ಲಿ ಬಾಯಿಗೆ ಬಂದ ಹಾಗೆ ಬೈಯುತ್ತಾನೆ, ಆ ಬೈಗುಳ ನಿಮ್ಮ ಹೆಸರಿನ ಪಕ್ಕದಲ್ಲೇ ಕೂರುತ್ತದೆ. ನಿಮ್ಮ ಮನೆಯಲ್ಲೋ ಪಕ್ಕದ ಮನೆಯಲ್ಲೋ ಆ ದೈವಕ್ಕೆ ವರ್ಷಕ್ಕೊಮ್ಮೆ ಕೋಲ ಕೊಡುತ್ತಾರೆ. ಅಜ್ಜಿ ಚಪ್ಪಲಿ ಕಳಚಿಟ್ಟು ಕೈ ಮುಗಿಯುವ ಹೆಸರು ಅದು. ಪಂಜುರ್ಲಿ, ಕಲ್ಲುರ್ಟಿ, ಬಬ್ಬರ್ಯ, ಯಾವುದೂ ಬೇಡ. ಅಮ್ಮ ಬೇಡ ಎಂದದ್ದು ಇದಕ್ಕೇ ಆಗಿದ್ದರೆ ಅವರು ಹೇಳಿದ್ದು ಸರಿ.

‘ವೀರಪ್ಪನ್’ ಕೂಡ ಬೇಡ. ನೀವು ಹುಟ್ಟುವ ಮೊದಲೇ, 2004ರಲ್ಲಿ, ಅವನು ಸತ್ತ. ನಿಮಗೆ ಅವನು ಮೀಸೆ ಮತ್ತು ಬಂದೂಕಿನ ಒಂದು ಚಿತ್ರ ಮಾತ್ರ ಇರಬಹುದು. ಆದರೆ 2000ದ ಜುಲೈ 30ರಂದು ಡಾ. ರಾಜ್‌ಕುಮಾರ್ ಅವರನ್ನು ಎಳೆದುಕೊಂಡು ಹೋದಾಗ 108 ದಿನ ಈ ರಾಜ್ಯ ಉಸಿರು ಬಿಗಿಹಿಡಿದು ಕೂತಿತ್ತು. ಶರಣಾಗಿಸಲು ಆಯುಧ ಇಲ್ಲದೆ ಹೋದ ಅರಣ್ಯ ಅಧಿಕಾರಿ ಪಿ. ಶ್ರೀನಿವಾಸ್ ಅವರನ್ನು 1991ರಲ್ಲಿ ಅವನು ಕೊಂದ. ಆ ಕಾಡಂಚಿನ ಊರುಗಳಲ್ಲಿ ಅಪ್ಪನನ್ನು, ಗಂಡನನ್ನು ಕಳೆದುಕೊಂಡವರು ಇನ್ನೂ ಇದ್ದಾರೆ. ಅವರ ಮನೆಯ ಹುಡುಗನೂ ನಿಮ್ಮ ಎದುರು ತಂಡದಲ್ಲಿ ಆಡುತ್ತಿರಬಹುದು.

ನಮ್ಮೂರಿನ ಆ ಭೂಗತ ಹೆಸರಿನ ಬಗ್ಗೆಯೂ ಇದೇ ಮಾತು, ಇನ್ನೂ ಜಾಸ್ತಿ. ಮಂಗಳೂರು ಸಣ್ಣ ಊರು, ಮಾರಾಯ್ರೆ. ಆ ಕಾಲದಲ್ಲಿ ಪೆಟ್ಟು ತಿಂದವರು, ಹಫ್ತಾ ಕೊಟ್ಟವರು, ಮನೆಯವರನ್ನು ಕಳೆದುಕೊಂಡವರು ನಿಮ್ಮ ಕಾಲೇಜಿನ ಹುಡುಗರ ಅಪ್ಪ, ಮಾವ ಆಗಿರುತ್ತಾರೆ. ಸತ್ತು ನೂರು ವರ್ಷ ಆದ ಡಕಾಯಿತನ ಹೆಸರು ಬೇರೆ, ಗಾಯ ಮಾಗದ ಹೆಸರು ಬೇರೆ.

‘ಡೆತ್ ರೌಡಿ 2006’ರಲ್ಲಿ ನನಗೆ ಚಿಂತೆ ಆಗುವುದು ಆ 2006. ಅದು ನಿಮ್ಮ ಹುಟ್ಟಿದ ವರ್ಷ ಅಂತ ನನಗೆ ನೋಡಿದ ಕೂಡಲೇ ಗೊತ್ತಾಯಿತು. ಬೇರೆಯವರಿಗೂ ಗೊತ್ತಾಗುತ್ತದೆ. ಕೆಲವರು ಮಂಗಳೂರಿನ ಗಾಡಿ ನಂಬರಿನ ಕೆಎ 19 ಅಂತ ಸೇರಿಸುತ್ತಾರೆ, ಉಡುಪಿಯವರಾದರೆ ಕೆಎ 20. ಊರಿನ ಮೇಲಿನ ಪ್ರೀತಿ ನನಗೂ ಉಂಟು. ಆದರೆ ವರ್ಷ, ಊರು ಎರಡೂ ಒಂದೇ ಹೆಸರಿನಲ್ಲಿ ಇದ್ದು, ಅದೇ ಹೆಸರು ಇನ್‌ಸ್ಟಾಗ್ರಾಮ್‌ನಲ್ಲೂ ಡಿಸ್ಕಾರ್ಡ್‌ನಲ್ಲೂ ಇದ್ದರೆ ಯಾರೋ ಅಪರಿಚಿತ ಹತ್ತು ನಿಮಿಷದಲ್ಲಿ ನಿಮ್ಮ ಕಾಲೇಜು, ಮುಖ, ಗೆಳೆಯರನ್ನೆಲ್ಲ ಹುಡುಕಿ ತೆಗೆಯುತ್ತಾನೆ. ‘ಬ್ರೋ, ಸ್ಕಿನ್ ಕೊಡ್ತೇನೆ, ಈ ಲಿಂಕ್‌ನಲ್ಲಿ ಲಾಗಿನ್ ಆಗು’ ಅಂತ ಆಟದ ವೇಷದ ಆಸೆ ತೋರಿಸಿ ಮೋಸ ಮಾಡುವವರು ಶುರು ಮಾಡುವುದು ಇಂಥ ಸಣ್ಣ ಸುಳಿವಿನಿಂದಲೇ.

ಇದಕ್ಕೂ ಡಕಾಯಿತರಲ್ಲೇ ಒಂದು ಕಥೆ ಇದೆ. ಬ್ಲ್ಯಾಕ್ ಬಾರ್ಟ್ ಎಂಬವನು 1875ರಿಂದ 1883ರವರೆಗೆ ಕ್ಯಾಲಿಫೋರ್ನಿಯಾ ಕಡೆ ವೆಲ್ಸ್ ಫಾರ್ಗೋ ಕಂಪನಿಯ ಕುದುರೆ ಗಾಡಿಗಳನ್ನು ದೋಚಿದ. ನಡೆದುಕೊಂಡೇ ಬರುತ್ತಿದ್ದ, ಒಂದು ಗುಂಡೂ ಹಾರಿಸಲಿಲ್ಲ. ಎರಡು ಕಡೆ ಪದ್ಯ ಬರೆದಿಟ್ಟು ಹೋಗಿದ್ದ. ಹೆಸರು ಕೂಡ ಪತ್ರಿಕೆಯ ಕಥೆಯೊಂದರಿಂದ ತೆಗೆದದ್ದು, ನಿಜ ಹೆಸರು ಚಾರ್ಲ್ಸ್ ಬೋಲ್ಸ್. ಎಂಟು ವರ್ಷ ಯಾರಿಗೂ ಸಿಗಲಿಲ್ಲ. ಕೊನೆಯ ಸಲ ಗುಂಡೇಟು ತಗುಲಿ ಓಡುವಾಗ ಒಂದು ಕರವಸ್ತ್ರ ಬಿದ್ದುಹೋಯಿತು. ಅದರ ಮೂಲೆಯಲ್ಲಿ ಬಟ್ಟೆ ಒಗೆಯುವ ಅಂಗಡಿಯವರು ಹಾಕಿದ ಗುರುತು: ‘ಎಫ್ ಎಕ್ಸ್ ಓ 7’. ಪತ್ತೇದಾರರು ಆ ಗುರುತು ಹಿಡಿದು ಸ್ಯಾನ್‌ಫ್ರಾನ್ಸಿಸ್ಕೋದ ಲಾಂಡ್ರಿಗಳನ್ನು ಒಂದೊಂದಾಗಿ ಹುಡುಕಿ ಅವನ ಮನೆ ಬಾಗಿಲಿಗೆ ಬಂದರು. ನಿಮ್ಮ ಹೆಸರಿನ ಕೊನೆಯ 2006 ಅಂಥ ಲಾಂಡ್ರಿ ಗುರುತು. ತೆಗೆದುಬಿಡಿ. ಆಟಕ್ಕೆ ಒಂದು ಹೆಸರು, ಇನ್‌ಸ್ಟಾಗ್ರಾಮ್‌ಗೆ ಬೇರೆ ಹೆಸರು ಇರಲಿ.

ರೆಕ್ಕೆಯ ಚಿಹ್ನೆಗಳ ವಿಚಾರ. ನಿಮ್ಮ ಹೆಸರಿನ ಎರಡು ಬದಿಯ ಆ ರೆಕ್ಕೆ ನಿಜವಾಗಿ ಇಂಡೋನೇಷ್ಯಾದ ಜಾವಾ ಭಾಷೆಯ ಲಿಪಿಯ ಅಲಂಕಾರದ ಗುರುತು. ಶಿಲುಬೆಯ ಹಾಗೆ ಕಾಣುವುದು ಟಿಬೆಟನ್ ಲಿಪಿಯದ್ದು. ಕೆಲವರು ಹೆಸರಿನ ನಡುವೆ ಖಾಲಿ ಜಾಗ ತರಲು ಹಾಕುವುದು ಕೊರಿಯನ್ ಲಿಪಿಯ ಒಂದು ಕಾಣದ ಅಕ್ಷರ. ಇವನ್ನು ಯಾರೂ ಕೀಬೋರ್ಡ್‌ನಲ್ಲಿ ಟೈಪ್ ಮಾಡಲಾರರು. ಒಳ್ಳೆಯ ತಂಡದವನೊಬ್ಬ ನಿಮ್ಮ ಆಟ ನೋಡಿ ಫ್ರೆಂಡ್ ರಿಕ್ವೆಸ್ಟ್ ಕಳಿಸಬೇಕು ಅಂದುಕೊಂಡರೆ ಹೆಸರು ಬರೆದು ಹುಡುಕಲು ಆಗುವುದಿಲ್ಲ. ಫಾಂಟ್ ಇಲ್ಲದ ಕಡೆ ಬರೀ ಚೌಕ ಕಾಣುತ್ತದೆ. ಅಕ್ಷರದ ಮಿತಿ ಬೇರೆ ಉಂಟು. ಬಿಜಿಎಂಐನಲ್ಲಿ 14 ಅಕ್ಷರ, ವಾಲೊರಂಟ್ ಆಡುವ ರಯಟ್ ಐಡಿಯಲ್ಲಿ 16, ಅದರ ಮುಂದಿನ ಟ್ಯಾಗ್‌ಗೆ 3ರಿಂದ 5. ಸ್ಟೀಮ್ ಮಾತ್ರ 32ರವರೆಗೆ ಬಿಡುತ್ತದೆ. ರೆಕ್ಕೆಗೆ ಜಾಗ ಕೊಟ್ಟಷ್ಟೂ ಹೆಸರಿಗೆ ಕಡಿಮೆ.

ಕನ್ನಡ ಲಿಪಿಯಲ್ಲೇ ಇಡಬಹುದಾ ಅಂತ ತುಂಬಾ ಜನ ಕೇಳುತ್ತಾರೆ. ಆಟ ಒಪ್ಪಿದರೆ ಇಡಬಹುದು, ನನಗೆ ಅದು ಬಹಳ ಇಷ್ಟ. ಒಂದು ಸಂಗತಿ ತಿಳಿದಿರಲಿ. ನಾವು ‘ತೊರಕೆ’ಯನ್ನು ಮೂರು ಅಕ್ಷರ ಅನ್ನುತ್ತೇವೆ, ಕಂಪ್ಯೂಟರ್ ಐದು ಅನ್ನುತ್ತದೆ. ಕೊಂಬು, ಏತ್ವ, ಒತ್ತು ಎಲ್ಲವೂ ಅದಕ್ಕೆ ಬೇರೆ ಬೇರೆ ಲೆಕ್ಕ. ‘ಬಾವುಟಗುಡ್ಡೆ’ ಬರೆದರೆ ಹನ್ನೊಂದು. ಕೆಲವು ಕಡೆ ಲೆಕ್ಕ ಬೈಟ್‌ನಲ್ಲಿ ನಡೆಯುತ್ತದೆ. ಅಲ್ಲಿ ಇಂಗ್ಲಿಷ್ ಅಕ್ಷರಕ್ಕೆ ಒಂದು ಬೈಟ್ ಆದರೆ ಕನ್ನಡದ ಪ್ರತಿಯೊಂದಕ್ಕೂ ಮೂರು. ಮತ್ತೆ ಒತ್ತಕ್ಷರ ಒಡೆದು ಕಾಣುವ ಆಟಗಳೂ ಇವೆ. ಹಾಗಾಗಿ ಹೆಸರು ಬದಲಿಸಲು ಬೇಕಾಗುವ ರೀನೇಮ್ ಕಾರ್ಡ್ ಖರ್ಚು ಮಾಡುವ ಮೊದಲು ಆ ಹೆಸರನ್ನು ಆಟದ ಚಾಟ್‌ನಲ್ಲಿ ಟೈಪ್ ಮಾಡಿ, ಗೆಳೆಯನ ಫೋನಿನಲ್ಲಿ ಹೇಗೆ ಕಾಣುತ್ತದೆ ನೋಡಿ. ಒತ್ತು ಇಲ್ಲದ ಹೆಸರಾದರೆ ತೊಂದರೆ ಕಡಿಮೆ.

ಹೊರಗಿನವರು ನಗುತ್ತಾರಾ ಎಂದಿರಿ. ಕಂಬಳಕ್ಕೆ ಹೋಗಿದ್ದೀರಿ ಅಲ್ವಾ? ಕೋಣ ಮಂಜೊಟ್ಟಿ, ಅಂದರೆ ಓಟ ಮುಗಿಯುವ ಜಾಗದ ಹತ್ತಿರ ಬರುವಾಗ ಮೈಕ್‌ನಲ್ಲಿ ಕೂಗುವವರ ಧ್ವನಿ ನೆನಪು ಮಾಡಿಕೊಳ್ಳಿ. ಚೆನ್ನ, ಬೊಳ್ಳ, ಕುಟ್ಟಿ, ದೂಜ. ಎಲ್ಲ ಎರಡು ಅಕ್ಷರ. ಬೊಳ್ಳ ಅಂದರೆ ಬರೀ ಬಿಳಿಯ ಅಂತ ಅರ್ಥ. ಆದರೂ ಆ ಹೆಸರು ಕೇಳಿದರೆ ಜನ ಎದ್ದು ನಿಲ್ಲುತ್ತಾರೆ. ತುಳುವಿನಲ್ಲಿ ಇಂಥ ಗಿಡ್ಡ, ಗಟ್ಟಿ ಪದಗಳು ರಾಶಿ ಇವೆ. ಪಿಲಿ ಅಂದರೆ ಹುಲಿ, ಕಾಟಿ ಅಂದರೆ ಕಾಡುಕೋಣ, ಮರ್ಲ ಅಂದರೆ ಹುಚ್ಚ. ಹುಲಿವೇಷಕ್ಕೆ ಬಡಿಯುವ ತಾಸೆ ಕೂಡ ಚಂದದ ಹೆಸರು, ನುಗ್ಗಿ ಆಡುವವನಿಗೆ ಸರಿಯಾಗುತ್ತದೆ. ಪಿಲಿ ಮಾತ್ರ ಕರಾವಳಿಯ ಪ್ರತಿ ಟೂರ್ನಮೆಂಟ್‌ನಲ್ಲೂ ಒಂದೆರಡು ಇರುತ್ತದೆ, ಬಿಟ್ಟುಬಿಡಿ. ದೆಹಲಿಯವನಿಗೆ ಈ ಪದಗಳ ಅರ್ಥ ಗೊತ್ತಿರುವುದಿಲ್ಲ, ಅದು ಒಳ್ಳೆಯದೇ. ಅರ್ಥ ಗೊತ್ತಿಲ್ಲದ ಹೆಸರು ಮೂರು ಸಲ ತನ್ನನ್ನು ಹೊಡೆದರೆ ನಾಲ್ಕನೇ ಸಲ ಅವನೇ ಕೇಳುತ್ತಾನೆ.

ನಿಮಗೆ ನಾನು ಹೇಳುವ ಹೆಸರು ‘ತೊರಕೆ’. ನಿಮ್ಮ ತಂಡದವರು ಆಗಲೇ ಕೊಟ್ಟಿದ್ದಾರೆ. ಆ ಮೀನು ಸಮುದ್ರದ ತಳದಲ್ಲಿ ಮೈ ಚಪ್ಪಟೆ ಮಾಡಿ, ಮೇಲೆ ಮರಳು ಎಳೆದುಕೊಂಡು ಮಲಗುತ್ತದೆ. ಕಣ್ಣು ಮಾತ್ರ ಹೊರಗೆ. ಸುಮ್ನೆ ಹೋದವರ ತಂಟೆಗೆ ಬರುವುದಿಲ್ಲ. ಮೆಟ್ಟಿದರೆ ಬಾಲ ಬೀಸುತ್ತದೆ, ಬಾಲದಲ್ಲಿ ಗರಗಸದ ಹಾಗಿನ ಮುಳ್ಳು, ಮುಳ್ಳಿನಲ್ಲಿ ವಿಷ. ನೀವು ಹುಲ್ಲಿನಲ್ಲಿ ಮಲಗಿ ಆಡುವ ಆಟ ಇದಕ್ಕಿಂತ ಸರಿಯಾಗಿ ಒಂದು ಪದದಲ್ಲಿ ಬರುವುದಿಲ್ಲ. ಬಲೆಯಲ್ಲಿ ತೊರಕೆ ಬಂದರೆ ಏನು ಮಾಡುತ್ತೀರಿ ಅಂತ ಅಪ್ಪನ ಹತ್ತಿರ ಒಮ್ಮೆ ಕೇಳಿ. ಅವರು ಕೈ ಹೇಗೆ ಇಡಬೇಕು, ಬಾಲದಿಂದ ಎಷ್ಟು ದೂರ ನಿಲ್ಲಬೇಕು ಅಂತ ತೋರಿಸುವಾಗ ಆ ಹೆಸರಿನ ಖಡಕ್ ನಿಮಗೆ ಗೊತ್ತಾಗುತ್ತದೆ. ಬುಚ್‌ಗೆ ಕಸಾಯಿ ಅಂಗಡಿ ಇದ್ದ ಹಾಗೆ ನಿಮಗೆ ದಕ್ಕೆ ಉಂಟು.

ಇಂಗ್ಲಿಷ್‌ನಲ್ಲಿ ಬರೆದರೆ ಆರೇ ಅಕ್ಷರ. ಆಚೆ ಊರಿನವರು ‘ಟೋರಕೆ’ ಅನ್ನಬಹುದು, ಅದರಿಂದ ಏನೂ ಕೆಡುವುದಿಲ್ಲ. ಆ ಹೆಸರು ಬೇರೆ ಯಾರಾದರೂ ಹಿಡಿದುಬಿಟ್ಟಿದ್ದರೆ ಕೊನೆಗೆ ಅಂಕಿ ಸೇರಿಸಬೇಡಿ. ತಂಡದ ಗುರುತಿನ ಎರಡು ಅಕ್ಷರ ಮುಂದೆ ಹಾಕಿ, ಕಾಟಕಾಯಿಗೆ ‘ಕೆಕೆ’ ಅಂತ. ಕೂಗುವಾಗ ಅದು ತಾನಾಗಿ ಬಿದ್ದುಹೋಗುತ್ತದೆ.

ಪಕ್ಕಾ ಮಾಡುವ ಮೊದಲು ಒಂದು ವಾರ ಹೆಸರು ಬದಲಿಸದೆ, ಬಾಯಲ್ಲಿ ಮಾತ್ರ ತಂಡದವರು ಹಾಗೆ ಕರೆಯಲಿ. ಗಡಿಬಿಡಿಯ ಹೊತ್ತಿನಲ್ಲಿ ಅವರ ಬಾಯಿಗೆ ತಾನಾಗಿ ಬಂದರೆ ಇಡಿ. ಬರದೆ ನಿಮ್ಮ ಮನೆಯ ಹೆಸರನ್ನೇ ಕೂಗುತ್ತಿದ್ದರೆ ಬೇರೆ ಹುಡುಕಿ. ಅಮ್ಮನಿಗೂ ಹೇಳಿ. ತೊರಕೆ ಅಂದರೆ ಏನು ಅಂತ ಬೋಟಿನವರ ಮನೆಯಲ್ಲಿ ವಿವರಿಸಬೇಕಾಗಿಲ್ಲ.

ಟೂರ್ನಮೆಂಟ್‌ಗೆ ಹೆಸರು ಕೊಡುವ ಮೊದಲೇ ಬದಲಿಸಿ, ಆಮೇಲೆ ಅಲ್ಲ. ಫಾರ್ಮ್‌ನಲ್ಲಿ ಬರೆದದ್ದು ಮತ್ತು ಆಟದೊಳಗೆ ಕಾಣುವುದು ಬೇರೆ ಬೇರೆ ಆದರೆ ಆಟ ಶುರುವಾಗುವ ಮೊದಲು ಎಲ್ಲರೂ ಸೇರುವ ಲಾಬಿಯಲ್ಲೇ ನಿಮ್ಮನ್ನು ಹೊರಗೆ ಹಾಕುತ್ತಾರೆ, ಕಣ್ಣೀರು ಹಾಕಿಕೊಂಡು ಹೋದ ಮಕ್ಕಳನ್ನು ನಾನು ನೋಡಿದ್ದೇನೆ. ಪ್ಲೇಯರ್ ಐಡಿಯ ಅಂಕಿಯನ್ನೂ ಹೆಸರಿನ ಜೊತೆ ಬರೆದುಕೊಡಿ, ಹೆಸರು ಬದಲಾದರೂ ಅದು ಬದಲಾಗುವುದಿಲ್ಲ. ಫಾರ್ಮ್‌ನ ಮೂಲೆಯಲ್ಲಿ ಹೆಸರನ್ನು ಕನ್ನಡದಲ್ಲೂ ಬರೆಯಿರಿ. ಮೈಕ್ ಹಿಡಿದವರಿಗೆ ಸರಿಯಾಗಿ ಕೂಗಲು ಸುಲಭ ಆಗುತ್ತದೆ.